ಗುಂಡಿಯೊಳಗೆ ಮೊಸಳೆ, ರಸ್ತೆಯ ಮೇಲೆ ಚಂದ್ರ

ರಜೆಗೆ ಬೆಂಗಳೂರಿಗೆ ಹೋದಾಗ ಆಟೋ ಗುಂಡಿಗೆ ಇಳಿದು, ಮೇಲಿನ ಕಂಬಿಗೆ ತಲೆ ಹೊಡೆಸಿಕೊಂಡವರು ನಿಮ್ಮಲ್ಲಿ ಎಷ್ಟು ಜನ? "ಇಲ್ಲಿ ಯಾರೂ ದೂರು ಕೊಡೋದಿಲ್ವಾ?" ಅಂತ ಅಜ್ಜಿಯನ್ನೋ ಮಾವನನ್ನೋ ಕೇಳಿರುತ್ತೀರಿ. ಕೊಡುತ್ತಾರೆ. ಆದರೆ ದಿನಾ ನೋಡಿದ ಗುಂಡಿ ಕಣ್ಣಿಗೆ ಕಾಣಿಸುವುದೇ ನಿಂತುಹೋಗುತ್ತದೆ. ಬಿದ್ದವರಿಗಷ್ಟೇ ಅದು ಮತ್ತೆ ಕಾಣುವುದು. ಹಾಗೆ ಬಿದ್ದು ಜೀವ ಕಳೆದುಕೊಂಡವರೂ ಇದ್ದಾರೆ.

ಮೈಸೂರಿನ ಚಾಮರಾಜೇಂದ್ರ ದೃಶ್ಯಕಲಾ ಅಕಾಡೆಮಿಯಲ್ಲಿ, ಅಂದರೆ ಎಲ್ಲರೂ 'ಕಾವಾ' ಅನ್ನುವ ಕಾಲೇಜಿನಲ್ಲಿ, ಚಿತ್ರಕಲೆ ಕಲಿತ ಬಾದಲ್ ನಂಜುಂಡಸ್ವಾಮಿ ಕೈಹಾಕಿದ್ದು ಇಲ್ಲಿಗೇ. ಬಾಯಿ ತೆರೆದ ಮ್ಯಾನ್‌ಹೋಲ್ ಸುತ್ತ ಯಮನ ಮುಖ ಬರೆದರು, ಕುಳಿಯೇ ಯಮನ ಬಾಯಿ ಆಯಿತು. 2015ರಲ್ಲಿ ಸುಲ್ತಾನ್‌ಪಾಳ್ಯದ ರಸ್ತೆಯಲ್ಲಿ ಸುಮಾರು ಹನ್ನೆರಡು ಅಡಿಯ ಗುಂಡಿ ನೀರು ತುಂಬಿಕೊಂಡು ಕೂತಿತ್ತು. ಅದನ್ನು ಹಸಿರು ಕೆರೆಯಂತೆ ಮಾಡಿ, ಇಪ್ಪತ್ತು ಕಿಲೋ ತೂಕದ ಫೈಬರ್ ಮೊಸಳೆಯೊಂದನ್ನು ತೇಲಿಬಿಟ್ಟರು. ಖರ್ಚು ಸುಮಾರು ಆರು ಸಾವಿರ ರೂಪಾಯಿ, ಅವರ ಕೈಯಿಂದಲೇ. ಜನ ನಿಂತು ನೋಡಿದರು, ಫೋಟೋ ತೆಗೆದರು, ಪತ್ರಿಕೆಗಳಲ್ಲಿ ಬಂತು. ಗುಂಡಿ ಮುಚ್ಚಿತು.

ನನಗೆ ಎಲ್ಲಕ್ಕಿಂತ ಇಷ್ಟ 2019ರ ಸೆಪ್ಟೆಂಬರಿನ ವಿಡಿಯೋ. ಚಂದ್ರಯಾನ-2ರ ಲ್ಯಾಂಡರ್ ಚಂದ್ರನ ಮೇಲೆ ಇಳಿಯುವುದನ್ನು ದೇಶವೆಲ್ಲ ಕಾಯುತ್ತಿದ್ದ ದಿನಗಳು. ಬೂದು ಬಣ್ಣದ ನೆಲ, ಸುತ್ತ ಕತ್ತಲೆ. ಗಗನಯಾತ್ರಿಯ ಉಡುಪು ತೊಟ್ಟವರೊಬ್ಬರು ಭಾರವೇ ಇಲ್ಲದವರ ಹಾಗೆ ತೇಲುತ್ತಾ ಕಾಲಿಡುತ್ತಾರೆ. ನಟ ಪೂರ್ಣಚಂದ್ರ ಮೈಸೂರು ಅವರದು ಆ ನಡಿಗೆ. ಹಾಗೇ ನೋಡುತ್ತಿದ್ದರೆ ಪಕ್ಕದಲ್ಲೇ ಒಂದು ಆಟೋ ಹಾದುಹೋಗುತ್ತದೆ! ಅದು ಹೇರೋಹಳ್ಳಿ ಕಡೆಯ ರಸ್ತೆ. ಮೊಸಳೆಯನ್ನಾದರೂ ಹೊರಗಿನಿಂದ ತರಬೇಕಾಯಿತು. ಇಲ್ಲಿ ನೆಲಕ್ಕೆ ಏನನ್ನೂ ಸೇರಿಸಬೇಕಾಗಿರಲಿಲ್ಲ, ಚಂದ್ರನ ಕುಳಿಗಳೆಲ್ಲ ತಯಾರಾಗಿಯೇ ಇದ್ದವು. ಒಬ್ಬ ಮನುಷ್ಯನ ಮೈ, ಅವನ ನಡಿಗೆ, ಅವನು ನಿಂತ ಜಾಗ, ಈ ಮೂರೂ ಸೇರಿ ಕೃತಿಯಾಗುವುದನ್ನೇ ನೀವು ಕಾಲೇಜಿನಲ್ಲಿ ಪರ್ಫಾರ್ಮೆನ್ಸ್ ಆರ್ಟ್ ಅಂತ ಓದುವುದು.

ಘೋಷಣೆ ಇಲ್ಲ, ಯಾರ ಹೆಸರೂ ಇಲ್ಲ, ಬೈಗುಳವಂತೂ ಇಲ್ಲವೇ ಇಲ್ಲ. ಯಕ್ಷಗಾನದ ಹಾಸ್ಯಗಾರ ರಾಜನ ಎದುರಿಗೇ ನಿಂತು ಅವನ ಕಾಲೆಳೆಯುತ್ತಾನಲ್ಲ, ಅದೇ ಜಾಣತನ ಇದು. ಬೈದವರ ಮೇಲೆ ಸಿಟ್ಟಾಗಬಹುದು, ಊರೆಲ್ಲ ನಗುವಾಗ ಯಾರ ಮೇಲೆ ಸಿಟ್ಟಾಗುವುದು?

ವಿಡಿಯೋ ಹರಿದಾಡಿದ ಬೆನ್ನಿಗೇ ಆ ರಸ್ತೆಯ ದುರಸ್ತಿಯೂ ಶುರುವಾಯಿತು. ಪಕ್ಕದ ಬೀದಿಗೆ ಗಗನಯಾತ್ರಿ ಬಂದಿರಲಿಲ್ಲವಲ್ಲ, ಅದರ ಗತಿ ಏನು ಅಂತ ನೀವು ಕೇಳಬಹುದು. ನ್ಯಾಯವಾದ ಪ್ರಶ್ನೆ. ಊರಿನ ಗುಂಡಿಗಳನ್ನೆಲ್ಲ ಮುಚ್ಚಿಸುವುದು ಒಬ್ಬ ಕಲಾವಿದನಿಂದ ಆಗುವ ಕೆಲಸವಲ್ಲ, ಅದಕ್ಕೆ ಸಂಬಳ ಪಡೆಯುವವರು ಬೇರೆ ಇದ್ದಾರೆ. ವಿಡಿಯೋ ಬರೀ ಒಂದು ನಿಮಿಷದ್ದು. ಹುಡುಕಿ ನೋಡಿ. ಜೊತೆಗೆ ಅಪ್ಪ ಅಮ್ಮನನ್ನೂ ಕೂರಿಸಿಕೊಳ್ಳಿ, ಆಟೋ ಬರುವವರೆಗೆ ಮಾತ್ರ ಏನೂ ಹೇಳಬೇಡಿ.