ಅಕ್ಕನನ್ನು ಕೊಂದವನಿಗೆ ತಂಗಿಯ ರಾಖಿ

1995ರ ಫೆಬ್ರವರಿ 25. ಮಧ್ಯಪ್ರದೇಶದ ಉದಯನಗರದಿಂದ ಇಂದೋರಿಗೆ ಹೊರಟಿದ್ದ ಬಸ್ಸು. ಜನರ ಕಣ್ಣೆದುರೇ ಒಬ್ಬ, ಕೇರಳ ಮೂಲದ ಕ್ರೈಸ್ತ ಸನ್ಯಾಸಿನಿ ರಾಣಿ ಮರಿಯಾ ಅವರಿಗೆ ಚೂರಿ ಹಾಕಿ ಕೊಂದ. ಆದಿವಾಸಿಗಳನ್ನು ಸಾಹುಕಾರರ ಸಾಲದಿಂದ ಬಿಡಿಸಲು ಹೊರಟಿದ್ದೇ ಆಕೆಯ ತಪ್ಪು!

ಇರಿದವನಿಗೆ ಜೀವಾವಧಿ ಶಿಕ್ಷೆಯಾಯ್ತು. ಕೇಸು ಅಲ್ಲಿಗೆ ಮುಗೀಲಿಲ್ಲ. 2002ರಲ್ಲಿ ಆಕೆಯ ತಂಗಿ, ತಾವೂ ಸನ್ಯಾಸಿನಿಯಾದ ಸೆಲ್ಮಿ ಪೌಲ್, ಜೈಲಿಗೇ ಹೋಗಿ ಅವನ ಕೈಗೆ ರಾಖಿ ಕಟ್ಟಿದರು. ಯೇಸು ಹೇಳಿದ ಕ್ಷಮೆ, ಹಿಂದೂ ಹಬ್ಬದ ದಾರ. ಎರಡೂ ಒಂದೇ ಕೈಯಲ್ಲಿ! ಮನೆಯವರೇ ಬಿಡುಗಡೆಗೆ ಬೇಡಿಕೊಂಡರು. 2006ರಲ್ಲಿ ಅವನು ಹೊರಬಂದ. ಕೇರಳಕ್ಕೆ ಹೋಗಿ ಹೆತ್ತವರ ಕ್ಷಮೆ ಕೇಳಿದ.

ಕೊಂದವನನ್ನು ಬಿಟ್ಟರೆ ನ್ಯಾಯ ಎಲ್ಲಿ ಉಳೀತು ಅನ್ನೋರಿದ್ದಾರೆ. ಆದರೆ ಅವನು ಹನ್ನೊಂದು ವರ್ಷ ಒಳಗಿದ್ದೇ ಬಂದವನು. ಸಿಟ್ಟಾಗುವ ಹಕ್ಕು ಇದ್ದವರೇ ಕ್ಷಮಿಸಿದ ಮೇಲೆ, ಬೇರೆಯವರಿಗೇನು ಉಳೀತು?