ಪಿತ್ರಾರ್ಜಿತ ಜಮೀನು ಮತ್ತು ಪ್ರತಿಕೂಲ ಸ್ವಾಧೀನ

ತಂದೆಯ ಕಾಲಾನಂತರ ಸಹೋದರರಲ್ಲಿ ಒಬ್ಬನೇ ಜಮೀನನ್ನು ಅನುಭವಿಸುತ್ತಾ, ಖಾತೆಯನ್ನು ತನ್ನ ಹೆಸರಿಗೆ ಮಾಡಿಸಿಕೊಂಡು ಕಂದಾಯ ಪಾವತಿಸುತ್ತಿದ್ದರೆ, 12 ವರ್ಷಗಳ ತರುವಾಯ ಅದು ಅವನ ಸ್ವಂತದ್ದಾಗುವುದೆಂಬ ನಂಬಿಕೆ ನಮ್ಮ ವರ್ತಕ ಬಾಂಧವರಲ್ಲಿ ಹಲವರಿಗಿದೆ. ಇದು ಸರಿಯಲ್ಲ.

1963ರ ಕಾಲಮಿತಿ ಅಧಿನಿಯಮದ 65ನೇ ಅನುಚ್ಛೇದದನ್ವಯ 12 ವರ್ಷಗಳ ಗಣನೆಯು ಸ್ವಾಧೀನವು ಮಾಲೀಕನಿಗೆ ಪ್ರತಿಕೂಲವಾದ ದಿನದಿಂದ ಆರಂಭವಾಗುತ್ತದೆಯೇ ಹೊರತು ಅನುಭವ ತೊಡಗಿದ ದಿನದಿಂದಲ್ಲ. ಸಹವಾರಸುದಾರರಲ್ಲಿ ಒಬ್ಬನ ಸ್ವಾಧೀನವನ್ನು ಎಲ್ಲರ ಪರವಾದ ಸ್ವಾಧೀನವೆಂದೇ ಕಾನೂನು ಭಾವಿಸುತ್ತದೆ. ಆದುದರಿಂದ ಇತರರ ಹಕ್ಕನ್ನು ಅವರಿಗೆ ತಿಳಿಯುವಂತೆ ಬಹಿರಂಗವಾಗಿ ನಿರಾಕರಿಸಿ, ಆ ಬಳಿಕ 12 ವರ್ಷ ನಿರಂತರವಾಗಿ ಅನುಭವಿಸಿರುವುದನ್ನು ರುಜುವಾತುಪಡಿಸಬೇಕು. ಇದಕ್ಕೆ ಪಹಣಿ ಹಾಗೂ ಕಂದಾಯ ರಸೀದಿಗಳಷ್ಟೇ ಸಾಲವು.

ಪ್ರತಿಕೂಲ ಸ್ವಾಧೀನದ ಆಧಾರದ ಮೇಲೆ ವಾದಿಯೂ ದಾವೆ ಹೂಡಬಹುದೆಂದು ಸರ್ವೋಚ್ಚ ನ್ಯಾಯಾಲಯವು 2019ರಲ್ಲಿ ರವೀಂದರ್ ಕೌರ್ ಗ್ರೇವಾಲ್ ಪ್ರಕರಣದಲ್ಲಿ ತೀರ್ಪಿತ್ತಿತು. ಆದರೆ ರುಜುವಾತಿನ ಹೊಣೆ ಇದರಿಂದ ಹಗುರವಾಗಲಿಲ್ಲ.

ಇಂತಹ ಜಮೀನನ್ನು ಬ್ಯಾಂಕಿಗೆ ಅಡಮಾನ ಮಾಡುವ ಅಥವಾ ಅದರಲ್ಲಿ ಗೋದಾಮು ಕಟ್ಟುವ ಸದಸ್ಯರು, ಸಹೋದರಿಯರೂ ಸೇರಿದಂತೆ ಸಮಸ್ತ ವಾರಸುದಾರರೊಂದಿಗೆ ನೋಂದಾಯಿತ ವಿಭಾಗ ಪತ್ರ ಅಥವಾ ಹಕ್ಕು ಬಿಡುಗಡೆ ಪತ್ರವನ್ನು ಮೊದಲೇ ಮಾಡಿಸಿಕೊಳ್ಳುವುದು ಕ್ಷೇಮಕರ. ಕಟ್ಟಡ ಎದ್ದ ಮೇಲೆ ಸಹೋದರಿಯಿಂದ ವಿಭಾಗ ದಾವೆ ಬಂದರೆ, ಹೂಡಿದ ಬಂಡವಾಳವೂ ಮನೆತನದ ಸೌಹಾರ್ದವೂ ಏಕಕಾಲಕ್ಕೆ ಅಪಾಯಕ್ಕೊಳಗಾಗುತ್ತವೆ.