ಮೂರು ಕೂಗು

ನ್ಯಾಯಾಲಯದ ಬಾಗಿಲಲ್ಲಿ ನಿಂತು ಜವಾನನು ಕಕ್ಷಿಗಾರನ ಹೆಸರನ್ನು ಮೂರು ಸಲ ಕೂಗುವುದನ್ನು ವಾಚಕರಲ್ಲಿ ಹಲವರು ಕೇಳಿರಬಹುದು. ಆ ದನಿಯಲ್ಲಿ ಕರೆಯುವ ಆತುರವಿಲ್ಲ. ಬಾರದಿದ್ದರೆ ಆಗುವ ಬೇಸರವೂ ಇಲ್ಲ. ಮೂರನೆಯ ಕೂಗಿಗೂ ಉತ್ತರ ಬಾರದಿದ್ದರೆ ಕಡತದಲ್ಲಿ ಒಂದು ಸಾಲು ಬೀಳುತ್ತದೆ: ವಾದಿ ಗೈರುಹಾಜರು, ದಾವೆ ವಜಾ.

ನಮ್ಮ ದೊಡ್ಡಪ್ಪನವರ ದಾವೆ 1978ರಲ್ಲಿ ಮುಗಿದದ್ದು ಹೀಗೆಯೇ. ಕೃಷ್ಣರಾಜನಗರ ತಾಲ್ಲೂಕಿನ ಹೊಸ ಅಗ್ರಹಾರದಲ್ಲಿ ಅವರಿಗೆ ಸ್ವಲ್ಪ ಗದ್ದೆಯಿತ್ತು. ಅಲ್ಲಿಗೆ ಹೋಗುವ ಗಾಡಿದಾರಿಯನ್ನು ಪಕ್ಕದ ಹಿಡುವಳಿಗೆ ಸೇರಿಸಿಕೊಂಡರೆಂಬುದು ವ್ಯಾಜ್ಯ. ಆರು ವರ್ಷ ಅವರು ಒಂದು ವಾಯಿದೆಯನ್ನೂ ತಪ್ಪಿಸಲಿಲ್ಲ. ಮುಂಜಾನೆ ಬುತ್ತಿ ಕಟ್ಟಿಕೊಂಡು ಬಸ್ಸು ಹತ್ತುವರು. ಸಂಜೆ ಮತ್ತೊಂದು ತಾರೀಖಿನ ಚೀಟಿಯೊಡನೆ ಹಿಂದಿರುಗಿ ಅದನ್ನು ಪಂಚಾಂಗದೊಳಗೆ ಇಡುವರು. ಕೊನೆಗೆ ವಕೀಲರ ಗುಮಾಸ್ತೆಯೇ ಮರುಕಪಟ್ಟು, "ಪ್ರತಿಸಲವೂ ಯಾಕೆ ಬರ್ತೀರಿ ಯಜಮಾನರೆ? ಬೇಕಾದಾಗ ಕಾಗದ ಹಾಕ್ತೀವಿ" ಎಂದನಂತೆ. ಅದು ನಾಟಿಯ ಕಾಲ. ದೊಡ್ಡಪ್ಪ ನಂಬಿದರು. ಕಾಗದ ಬರಲಿಲ್ಲ.

ಸುಗ್ಗಿ ಮುಗಿಸಿ ವಿಚಾರಿಸಲು ಹೋದಾಗ ದಾವೆ ವಜಾ ಆಗಿ ನಾಲ್ಕು ತಿಂಗಳಾಗಿತ್ತು.

1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 9ನೆಯ ಆದೇಶದಲ್ಲಿ ಒಂದು ವಿಚಿತ್ರವುಂಟು. ವಾದಿ ಪ್ರತಿವಾದಿಗಳಿಬ್ಬರೂ ಬಾರದೆ ದಾವೆ ವಜಾ ಆದರೆ, ಕಾಲಮಿತಿಯೊಳಗೆ ವಾದಿ ಹೊಸ ದಾವೆಯನ್ನೇ ಹೂಡಬಹುದು. ಪ್ರತಿವಾದಿ ಮಾತ್ರ ಬಂದಿದ್ದರೆ ಅದೇ ಕಾರಣದ ಮೇಲೆ ಮತ್ತೆ ದಾವೆಯಿಲ್ಲ; ಬಾರದಿದ್ದುದಕ್ಕೆ ಸಾಕಷ್ಟು ಕಾರಣ ತೋರಿಸಿ, ಹಳೆಯದನ್ನೇ ಮರಳಿ ಕಡತಕ್ಕೆ ತೆಗೆದುಕೊಳ್ಳಿರೆಂದು ಬೇಡಬೇಕು. ಎದುರಾಳಿಯ ಸೋಮಾರಿತನವೂ ವಾದಿಯ ಪುಣ್ಯವೆನ್ನಬೇಕು! ದೊಡ್ಡಪ್ಪನವರಿಗೆ ಆ ಪುಣ್ಯವಿರಲಿಲ್ಲ. ಬೇಡಲು 1963ರ ಕಾಲಮಿತಿ ಕಾಯಿದೆ ಕೊಡುವುದು 30 ದಿನ. ಅದೂ ವಜಾ ಆದ ದಿನದಿಂದ, ತಿಳಿದ ದಿನದಿಂದಲ್ಲ. ತಡವನ್ನು ಮನ್ನಿಸುವ ಅಧಿಕಾರ ನ್ಯಾಯಾಧೀಶರಿಗೆ ಉಂಟು. ಅದಕ್ಕೂ ಕಾರಣ ಬೇಕು.

ವಕೀಲರು ದಾರಿ ತೋರಿಸಿದರು: ಜ್ವರವಿತ್ತೆಂದು ಪ್ರಮಾಣಪತ್ರ ಬರೆಯೋಣ, ವೈದ್ಯರ ಚೀಟಿ ತರಿಸೋಣ. ಗುಮಾಸ್ತೆಯ ಮಾತನ್ನು ಬರೆಯಲು ಅವರು ಒಪ್ಪಲಿಲ್ಲ. ದೊಡ್ಡಪ್ಪ ಮನೆಗೆ ಬಂದು ಜಗಲಿಯ ಮೇಲೆ ಕುಳಿತು ನನ್ನನ್ನು ಕೇಳಿದರು: "ಬಾರದ ಜ್ವರವನ್ನ ಹೆಂಗಪ್ಪ ಬರೆಸಲಿ?" ಕಾಲೇಜಿನಲ್ಲಿ ಓದುತ್ತಿದ್ದ ನಾನು ಬರೆಸಿಬಿಡಿ ಎಂದೇ ಹೇಳಿದೆ. ಆ ಮಾತು ಇಂದಿಗೂ ನನ್ನನ್ನು ಚುಚ್ಚುತ್ತದೆ. ಅವರು ಬರೆಸಲಿಲ್ಲ.

ಈ ನಿಯಮವೇ ಅನ್ಯಾಯವೆಂದು ನಾನು ಹೇಳಲಾರೆ. ತಡೆಯಾಜ್ಞೆ ಪಡೆದು ನಿದ್ದೆಹೋಗುವ ವಾದಿಗಳನ್ನು ನಾನೂ ಕಂಡಿದ್ದೇನೆ. ಅವರ ಎದುರು ಕಕ್ಷಿಯೂ ಬುತ್ತಿ ಕಟ್ಟಿಕೊಂಡೇ ಅಲೆಯುತ್ತಾನೆ. ಕ್ರಿಮಿನಲ್ ಅಪೀಲಿನ ಮಾತು ಬೇರೆ: ವಕೀಲರು ಬರಲಿಲ್ಲವೆಂಬಷ್ಟಕ್ಕೇ ಅದನ್ನು ವಜಾ ಮಾಡಬಾರದೆಂದು ಸುಪ್ರೀಂ ಕೋರ್ಟು 1996ರಲ್ಲಿ ಬಾನಿ ಸಿಂಗ್ ಪ್ರಕರಣದಲ್ಲಿ ಹೇಳಿತು.

ದೊಡ್ಡಪ್ಪನವರಂಥವರ ಕಷ್ಟಕ್ಕೆ ಹತ್ತಿರವಾದದ್ದು 1981ರ ರಫೀಕ್ ಮತ್ತು ಮುನ್ಷಿಲಾಲ್ ಪ್ರಕರಣ. ಅಲಹಾಬಾದಿನ ಹೈಕೋರ್ಟಿನಲ್ಲಿ ವಕೀಲರು ಹಾಜರಾಗದೆ ರಫೀಕನ ಅಪೀಲು ಕೈತಪ್ಪಿತ್ತು. ವಕೀಲರನ್ನು ಗೊತ್ತುಮಾಡಿ ತನ್ನಿಂದಾದದ್ದನ್ನೆಲ್ಲ ಮಾಡಿದ ಹಳ್ಳಿಯವನು ಆ ವಕೀಲರ ತಪ್ಪಿಗೆ ನಷ್ಟಪಡಬಾರದೆಂದು ನ್ಯಾಯಮೂರ್ತಿ ಡಿ. ಎ. ದೇಸಾಯಿ ತೀರ್ಪಿತ್ತರು. ಅಪೀಲಿಗೆ ಮರುಜೀವ ಬಂತು.

ಪತ್ರಿಕೆಯಲ್ಲಿ ಆ ಸುದ್ದಿಯನ್ನು ನಾನು ದೊಡ್ಡಪ್ಪನವರಿಗೆ ಓದಿ ಹೇಳಿದೆ. "ಆರು ವರ್ಷ ಹೋದದ್ದು ಯಾರ ಲೆಕ್ಕದಲ್ಲೂ ಇಲ್ಲ, ಒಂದು ದಿನ ಹೋಗದಿದ್ದದ್ದು ಮಾತ್ರ ಬರೆದಿಟ್ಟರು" ಎಂದಷ್ಟೇ ಅಂದು ಗದ್ದೆಯ ಕಡೆ ನಡೆದರು. ಆ ವರ್ಷವೂ ಹುಲ್ಲಿನ ಹೊರೆಗಳು ತಲೆಯ ಮೇಲೆಯೇ ಮನೆಗೆ ಬಂದವು.